ನಾಯಕಿಯಿಂದ ತಾಯಿಯವರೆಗೆ: ಪೋಷಕ ನಟರ ವೃತ್ತಿ ನಡೆದ ದಾರಿ

1954ರಲ್ಲಿ ತೆರೆಕಂಡ ‘ಬೇಡರ ಕಣ್ಣಪ್ಪ’ ಚಿತ್ರದಲ್ಲಿ ಕಣ್ಣಪ್ಪನ ಹೆಂಡತಿ ನೀಲಾ ಆಗಿ ನಟಿಸಿದವರು ಪಂಢರಿಬಾಯಿ. ಕಣ್ಣಪ್ಪನಾಗಿ, ನಾಯಕನ ಪಾತ್ರದಲ್ಲಿ ಮೊದಲ ಬಾರಿಗೆ ಕಾಣಿಸಿಕೊಂಡವರು ರಾಜ್‌ಕುಮಾರ್. ಮೂವತ್ತೆರಡು ವರ್ಷಗಳ ನಂತರ, 1986ರ ‘ಅನುರಾಗ ಅರಳಿತು’ ಚಿತ್ರದಲ್ಲಿಯೂ ಇವರಿಬ್ಬರೂ ಇದ್ದಾರೆ. ಅಲ್ಲಿ ರಾಜ್‌ಕುಮಾರ್ ಇನ್ನೂ ನಾಯಕ, ಪಂಢರಿಬಾಯಿ ಆ ನಾಯಕನ ತಾಯಿ. ನಿಜವಾದ ವಯಸ್ಸಿನಲ್ಲಿ ಇಬ್ಬರೂ ಹೆಚ್ಚುಕಡಿಮೆ ಓರಗೆಯವರು.

ಈ ಬದಲಾವಣೆಯನ್ನು ಮುಪ್ಪು ಎಂಬ ಒಂದೇ ಮಾತಿನಿಂದ ವಿವರಿಸಲಾಗುವುದಿಲ್ಲ, ಏಕೆಂದರೆ ವರ್ಷಗಳು ಇಬ್ಬರಿಗೂ ಒಂದೇ ಸಮನೆ ಕಳೆದಿದ್ದವು. ಬೇರೆಯಾದದ್ದು ವೃತ್ತಿಯ ದಾರಿ. ಪಂಢರಿಬಾಯಿ ಹುಟ್ಟಿದ್ದು ನಮ್ಮ ಉತ್ತರ ಕನ್ನಡ ಜಿಲ್ಲೆಯ ಭಟ್ಕಳದಲ್ಲಿ. ಅವರ ಚಿತ್ರಗಳನ್ನು ಮತ್ತೆ ಮತ್ತೆ ನೋಡುತ್ತಾ, ಪೋಷಕ ನಟ ಎಂದು ನಾವು ಸಲೀಸಾಗಿ ಕರೆಯುವ ಆ ಕಸುಬು ಹೇಗೆ ನಡೆಯುತ್ತಿತ್ತು, ಯಾರು ಅದಕ್ಕೆ ಬರುತ್ತಿದ್ದರು, ಯಾವುದರಿಂದ ಅವರ ಹೊಟ್ಟೆ ತುಂಬುತ್ತಿತ್ತು, ದೂರದರ್ಶನ ಬಂದ ಮೇಲೆ ಅದರಲ್ಲಿ ಏನು ಬದಲಾಯಿತು ಎಂಬುದನ್ನು ಬಿಡಿಸಿ ಹೇಳಬೇಕೆಂದು ನನಗೆ ಬಹಳ ಕಾಲದಿಂದ ಅನ್ನಿಸುತ್ತಿತ್ತು.

ಮೊದಲು ಮಾತನ್ನೇ ನೋಡೋಣ. ಚಿತ್ರರಂಗದವರು ಆಡುಮಾತಿನಲ್ಲಿ ‘ಕ್ಯಾರೆಕ್ಟರ್ ಆರ್ಟಿಸ್ಟ್’ ಎನ್ನುತ್ತಾರೆ. ಪತ್ರಿಕೆಗಳು, ಪ್ರಶಸ್ತಿ ಪಟ್ಟಿಗಳು ‘ಪೋಷಕ ನಟ’ ಎನ್ನುತ್ತವೆ. ಎರಡೂ ಒಂದೇ ಕೆಲಸಕ್ಕೆ ಇರುವ ಹೆಸರುಗಳಾದರೂ ಅವು ಹೇಳುವ ಸಂಗತಿ ಬೇರೆ ಬೇರೆ. ಮೊದಲನೆಯದು ನಟನನ್ನು ಅವನು ಧರಿಸುವ ವ್ಯಕ್ತಿತ್ವದಿಂದ ಗುರುತಿಸುತ್ತದೆ: ಊರ ಗೌಡ, ಜಿಪುಣ ಶ್ಯಾನುಭೋಗ, ಬಡ ಮೇಷ್ಟ್ರು, ವಿಧವೆ ತಾಯಿ. ಎರಡನೆಯದು ಅವನು ಮಾಡುವ ಉಪಕಾರದಿಂದ ಗುರುತಿಸುತ್ತದೆ. ನಾಯಕನ ಕಥೆಯನ್ನು ಪೋಷಿಸುವವನು, ಅಂದರೆ ಆ ಕಥೆಗೆ ಅನ್ನ ನೀರು ಕೊಟ್ಟು ನಂಬುವಂತೆ ಮಾಡುವವನು. ಗುಂಪಿನಲ್ಲಿ ನಿಂತು ಹೋಗುವ ಸಹಕಲಾವಿದರು ಈ ವರ್ಗಕ್ಕೆ ಸೇರುವುದಿಲ್ಲ. ಪೋಷಕ ನಟನ ಪಾತ್ರಕ್ಕೆ ಹೆಸರಿದೆ, ಮಾತಿದೆ, ಕಥೆಯಲ್ಲಿ ಮಾಡಬೇಕಾದ ಒಂದು ಕೆಲಸವಿದೆ. ಕಥೆ ಮಾತ್ರ ಅವನದಲ್ಲ.

ನಮ್ಮ ಕರಾವಳಿಯವರಿಗೆ ಇದನ್ನು ತಿಳಿಸಲು ಆಟದ, ಅಂದರೆ ಯಕ್ಷಗಾನದ, ಚೌಕಿಗಿಂತ ಒಳ್ಳೆಯ ಉದಾಹರಣೆ ಸಿಗಲಾರದು. ಬಡಗುತಿಟ್ಟಿನ, ಅಂದರೆ ಉತ್ತರದ ಶೈಲಿಯ, ಮೇಳದಲ್ಲಿ ಕಲಿಯಲು ಬಂದ ಹುಡುಗ ಮೊದಲು ಕೋಡಂಗಿಯಾಗಿ ಕುಣಿಯುತ್ತಾನೆ, ಆಮೇಲೆ ಬಾಲಗೋಪಾಲನಾಗುತ್ತಾನೆ, ಒಡ್ಡೋಲಗದ ಸಣ್ಣಪುಟ್ಟ ವೇಷಗಳನ್ನು ಮಾಡುತ್ತಾನೆ, ಪುರುಷವೇಷಕ್ಕೆ ಬರುತ್ತಾನೆ, ಎಷ್ಟೋ ತಿರುಗಾಟಗಳ ನಂತರ, ಯೋಗ್ಯತೆ ಇದ್ದರೆ, ಎರಡನೇ ವೇಷಧಾರಿಯಾಗುತ್ತಾನೆ. ಹಾಡುತ್ತಾ ಆಟವನ್ನು ನಡೆಸುವ ಭಾಗವತರೇ ಮೊದಲನೆಯ ವೇಷವೆಂಬ ಗೌರವವಿರುವುದರಿಂದ ಎರಡನೇ ವೇಷವೆಂದರೆ ರಂಗದ ಮೇಲಿನ ಅತಿ ದೊಡ್ಡ ಸ್ಥಾನ. ಚೌಕಿಯಲ್ಲಿ ಬಣ್ಣ ಹಚ್ಚಿಕೊಳ್ಳಲು ಕೂರುವ ಜಾಗವೂ ಈ ಅನುಕ್ರಮದಲ್ಲಿಯೇ ಇರುತ್ತದೆ. ಅಲ್ಲಿ ವಯಸ್ಸು ಮತ್ತು ಅನುಭವ ಕಲಾವಿದನನ್ನು ಮೇಲಕ್ಕೆ ಒಯ್ಯುತ್ತವೆ. ಚಿತ್ರರಂಗದಲ್ಲಿ, ಅದರಲ್ಲೂ ಹೆಂಗಸರ ಮಟ್ಟಿಗೆ, ಏಣಿಯನ್ನು ತಿರುಗಿಸಿ ಇಟ್ಟಿದ್ದರು. ಇಪ್ಪತ್ತು ದಾಟುವ ಹೊತ್ತಿಗೆ ನಾಯಕಿಯಾಗಿದ್ದವಳು ಮೂವತ್ತೈದು ದಾಟುತ್ತಿದ್ದಂತೆ ಅತ್ತಿಗೆ, ನಲವತ್ತಕ್ಕೆ ತಾಯಿ.

ಮೇಳದಿಂದ ಕಲಿಯಬೇಕಾದ ಇನ್ನೊಂದು ಸಂಗತಿಯೂ ಇದೆ. ಹೊನ್ನಾವರದ ಕಡೆಯ ಪ್ರೇಕ್ಷಕರು ರಾತ್ರಿಯಿಡೀ ನಿದ್ದೆಗೆಟ್ಟು ಕೂರುತ್ತಿದ್ದದ್ದು ಧರ್ಮರಾಯನನ್ನು ನೋಡಲು ಅಲ್ಲ. ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ಕೀಚಕನನ್ನೋ ಭಸ್ಮಾಸುರನನ್ನೋ ನೋಡಲು. ಕಥೆಯ ನಾಯಕ ಯಾರು ಎಂಬುದಕ್ಕೂ ಆ ರಾತ್ರಿಯ ದೊಡ್ಡ ಕಲಾವಿದ ಯಾರು ಎಂಬುದಕ್ಕೂ ಸಂಬಂಧವಿರಲೇಬೇಕೆಂದು ನಮ್ಮಲ್ಲಿ ಯಾರೂ ಭಾವಿಸಿರಲಿಲ್ಲ. ಸಿನೆಮಾ ಈ ಎರಡನ್ನೂ ಒಬ್ಬನೇ ವ್ಯಕ್ತಿಗೆ ಕಟ್ಟಿಹಾಕಿತು. ಪೋಷಕ ನಟನಿಗೆ ಸಿಗಬೇಕಾದ ಮನ್ನಣೆ ತಡವಾಗಿ ಸಿಕ್ಕಿದ್ದಕ್ಕೆ, ನನ್ನ ತಿಳಿವಳಿಕೆಯಲ್ಲಿ, ಇದೇ ಮುಖ್ಯ ಕಾರಣ.

ಕೆರೆಮನೆ ಶಿವರಾಮ ಹೆಗಡೆಯವರು ಇಡಗುಂಜಿ ಮೇಳ ಕಟ್ಟಿದ್ದು 1934ರಲ್ಲಿ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ಬಿಡುಗಡೆಯಾದದ್ದೂ ಅದೇ ವರ್ಷದ ಮಾರ್ಚ್ 3ರಂದು. ಆ ಚಿತ್ರದ ಚಿತ್ರೀಕರಣ ನಡೆದದ್ದು ಕೊಲ್ಹಾಪುರದ ಸ್ಟುಡಿಯೋದಲ್ಲಿ. ಇಂದ್ರಜಿತುವಾಗಿ ಸುಬ್ಬಯ್ಯ ನಾಯ್ಡು, ರಾವಣನಾಗಿ ಆರ್. ನಾಗೇಂದ್ರರಾವ್, ಸುಲೋಚನೆಯಾಗಿ ತ್ರಿಪುರಾಂಬ ನಟಿಸಿದರು. ನಾಯ್ಡು ಮತ್ತು ನಾಗೇಂದ್ರರಾವ್ ಇಬ್ಬರೂ ವೃತ್ತಿ ನಾಟಕ ಕಂಪನಿಗಳಿಂದ ಬಂದವರು. ಹಾಗೆ ಬರದೆ ಬೇರೆ ದಾರಿಯೂ ಇರಲಿಲ್ಲ. ಆಗ ಮಾತು ಮತ್ತು ಹಾಡುಗಳನ್ನು ಚಿತ್ರೀಕರಣದ ಹೊತ್ತಿನಲ್ಲಿಯೇ ಧ್ವನಿಮುದ್ರಿಸಬೇಕಾಗಿತ್ತು. ಹಿನ್ನೆಲೆ ಗಾಯನದ ಪದ್ಧತಿ ಭಾರತೀಯ ಚಿತ್ರಗಳಲ್ಲಿ ಆರಂಭವಾದದ್ದು 1935ರಲ್ಲಿ, ಅದು ಎಲ್ಲೆಡೆ ರೂಢಿಯಾಗಲು ಇನ್ನೂ ವರ್ಷಗಳೇ ಹಿಡಿದವು. ಸ್ಪಷ್ಟವಾಗಿ ನುಡಿಯಬಲ್ಲ, ಶ್ರುತಿಗೆ ಹಾಡಬಲ್ಲ, ಉದ್ದುದ್ದ ಸಂಭಾಷಣೆಯನ್ನು ಬಾಯಿಪಾಠದಿಂದ ತಪ್ಪಿಲ್ಲದೆ ಒಪ್ಪಿಸಬಲ್ಲ ಜನ ಕಂಪನಿ ನಾಟಕಗಳಲ್ಲಿ ಮಾತ್ರ ಇದ್ದರು.

ಆದರೆ ಕಂಪನಿಯ ಅಭ್ಯಾಸ ಒಂದು ತೊಡಕನ್ನೂ ತಂದಿತು. ಧ್ವನಿವರ್ಧಕ ಇಲ್ಲದ ಕಾಲದಲ್ಲಿ, ಡೇರೆಯ ಹಿಂದಿನ ಸಾಲಿನವನಿಗೂ ಕೇಳಿಸುವಂತೆ ಮಾತನಾಡಿದ ಗಂಟಲು, ಕೈ ಅಗಲಿಸಿದರೆ ಕಾಣಬೇಕೆಂದು ಪಳಗಿದ ತೋಳು, ಇವೆರಡೂ ಕ್ಯಾಮೆರಾದ ಎದುರಿಗೆ ಅತಿಯಾಗಿ ಕಾಣುತ್ತಿದ್ದವು. ಮೈಕ್ ತಲೆಯ ಮೇಲೆಯೇ ತೂಗುತ್ತಿತ್ತು, ಮುಖ ತೆರೆಯ ತುಂಬ ಹಿಗ್ಗುತ್ತಿತ್ತು. ನಾಯಕನಾದವನು ತನ್ನ ರೂಪ ಮತ್ತು ಹಾಡುಗಳ ಬಲದಿಂದ ಇದನ್ನು ದಾಟಿಬಿಡಬಹುದಾಗಿತ್ತು. ಚಿಕ್ಕ ಪಾತ್ರದವನಿಗೆ ಸಿಗುತ್ತಿದ್ದದ್ದು ನಾಲ್ಕೈದು ದೃಶ್ಯ. ಅಷ್ಟರಲ್ಲಿ ತಾನು ಯಾರು, ಎಂಥವನು ಎಂಬುದನ್ನು ಅವನು ಕಾಣಿಸಬೇಕಾಗಿತ್ತು. ಆದ್ದರಿಂದಲೇ ದನಿ ತಗ್ಗಿಸಿ ಆಡುವುದನ್ನು, ಹೆಗಲ ಮೇಲಿನ ಪಂಚೆಯನ್ನು ಸರಿಪಡಿಸಿಕೊಳ್ಳುವ ಒಂದು ಸಣ್ಣ ಚರ್ಯೆಯಲ್ಲಿ ಸ್ವಭಾವವನ್ನು ಹಿಡಿದುಕೊಡುವುದನ್ನು, ನಾಯಕರಿಗಿಂತ ಮೊದಲು ಈ ನಟರೇ ಕಲಿತರೆಂದು ನಾನು ನಂಬಿದ್ದೇನೆ.

ಇನ್ನು ದುಡ್ಡಿನ ವಿಷಯ. ನಾಯಕನಿಗೆ ಒಂದು ಚಿತ್ರಕ್ಕೆ ಇಷ್ಟೆಂದು ಸಂಭಾವನೆ ನಿಗದಿಯಾಗುತ್ತದೆ. ಪೋಷಕ ನಟನ ಗಳಿಕೆ ಬಹುಮಟ್ಟಿಗೆ ಅವನು ಕೊಡುವ ಕಾಲ್‌ಶೀಟಿನ, ಅಂದರೆ ಚಿತ್ರೀಕರಣಕ್ಕೆಂದು ಒಪ್ಪಿಕೊಂಡ, ದಿನಗಳ ಮೇಲೆ ನಿಂತಿರುತ್ತದೆ. ಒಂದು ಚಿತ್ರಕ್ಕೆ ಅವನು ಬೇಕಾಗುವುದು ಕೆಲವೇ ದಿನ. ಹಾಗಾಗಿ ವರ್ಷ ಪೂರ್ತಿ ಸಂಸಾರ ಸಾಗಬೇಕೆಂದರೆ ಹಲವು ಚಿತ್ರಗಳಲ್ಲಿ ಒಟ್ಟೊಟ್ಟಿಗೆ ಇರಲೇಬೇಕು. ಅವರ ಚಿತ್ರಗಳ ಎಣಿಕೆ ನಾಯಕರ ಎಣಿಕೆಯನ್ನು ಎಷ್ಟೋ ಮೀರಿ ಹೋಗುವುದು ಇದರಿಂದಲೇ. ಆಗ ಕನ್ನಡ ಚಿತ್ರಗಳ ತಯಾರಿಕೆ ಮದ್ರಾಸಿನ ಸ್ಟುಡಿಯೋಗಳನ್ನು ನೆಚ್ಚಿಕೊಂಡಿತ್ತು; ಬೆಂಗಳೂರಿನಲ್ಲಿ ಕಂಠೀರವ ಸ್ಟುಡಿಯೋ ಸ್ಥಾಪನೆಯಾದದ್ದು 1966ರಲ್ಲಿ. ಮನೆ ಬಿಟ್ಟು ಕೋಡಂಬಾಕ್ಕಂ ಸುತ್ತಮುತ್ತ ಬಾಡಿಗೆಗೆ ಇದ್ದುಕೊಂಡು, ಬೆಳಗ್ಗೆ ಒಂದು ಚಿತ್ರದ ಸೆಟ್ಟಿನಲ್ಲಿ ಸಾಹುಕಾರ, ಮಧ್ಯಾಹ್ನ ಇನ್ನೊಂದರಲ್ಲಿ ಋಷಿ ಎಂಬಂತೆ ಅವರ ದಿನ ಕಳೆಯಬೇಕಾಗಿತ್ತು. ಅಲ್ಲಿ ತಮಿಳು, ತೆಲುಗು ಚಿತ್ರಗಳ ಕೆಲಸವೂ ಸಿಗುತ್ತಿತ್ತು. ಆ ಭಾಷೆಗಳನ್ನು ನಾಲಿಗೆಗೆ ಒಗ್ಗಿಸಿಕೊಂಡವರಿಗೆ ಹೆಚ್ಚು ಕೆಲಸವಿತ್ತು.

1950ರ ದಶಕದಲ್ಲಿ ಕನ್ನಡ ಚಿತ್ರಗಳು ಎಷ್ಟು ವಿರಳವಾಗಿದ್ದವೆಂದರೆ, ಸಿನೆಮಾ ಒಂದನ್ನೇ ನಂಬಿ ಬದುಕುವುದು ನಾಯಕರಿಗೂ ಕಷ್ಟವಾಗಿತ್ತು. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘವನ್ನು ಕಟ್ಟಿಕೊಂಡು ಊರೂರಿನಲ್ಲಿ ನಾಟಕವಾಡಿದರು. 1960ರ ‘ರಣಧೀರ ಕಂಠೀರವ’ ಈ ಸಂಘದಿಂದಲೇ ಬಂದ ಚಿತ್ರ. ನಾಲ್ವರಲ್ಲಿ ಒಬ್ಬರು ನಾಯಕ, ಒಬ್ಬರು ಹಾಸ್ಯನಟ, ಒಬ್ಬರು ಖಳ ಮತ್ತು ಹಾಸ್ಯ ಎರಡಕ್ಕೂ ಸಲ್ಲುವವರು, ಇನ್ನೊಬ್ಬರು ಬರಹಗಾರರಾಗಿ ನಿರ್ದೇಶಕರಾಗಿ ಬೆಳೆದವರು. ಒಂದು ಮೇಳಕ್ಕೆ ಬೇಕಾದ ವೇಷಗಳೆಲ್ಲ ಈ ನಾಲ್ವರಲ್ಲಿಯೇ ಇದ್ದವು.

ಬಾಲಕೃಷ್ಣ ಅವರಿಗೆ ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ. ನಟನೊಬ್ಬನಿಗೆ ಇದಕ್ಕಿಂತ ದೊಡ್ಡ ಅಡ್ಡಿ ಬೇರೊಂದಿಲ್ಲ. ಎದುರಿನವನ ಮಾತು ಮುಗಿದದ್ದು ತಿಳಿಯದಿದ್ದರೆ ತನ್ನ ಮಾತು ಶುರುವಾಗುವುದಿಲ್ಲ. ಅವರು ಎದುರು ನಟರ ತುಟಿಗಳ ಚಲನೆಯನ್ನು ಗಮನಿಸಿಯೇ ತಮ್ಮ ಮಾತಿನ ಸರದಿಯನ್ನು ಹಿಡಿಯುತ್ತಿದ್ದರು. ‘ಬಂಗಾರದ ಮನುಷ್ಯ’ ಚಿತ್ರದ ರಾಚೂಟಪ್ಪನನ್ನು ಇದನ್ನು ನೆನಪಿಟ್ಟುಕೊಂಡು ಇನ್ನೊಮ್ಮೆ ನೋಡಿ: ಎದುರಿನವರು ಮಾತನಾಡುತ್ತಿರುವಷ್ಟು ಹೊತ್ತೂ ಆ ಕಣ್ಣು ಅವರ ಮುಖದಿಂದ ಕದಲುವುದಿಲ್ಲ. ಹೇಳಿದ್ದನ್ನೆಲ್ಲ ಮನಸ್ಸಿಟ್ಟು ಕೇಳುವ ಹಳ್ಳಿಯ ಹಿರಿಯನೊಬ್ಬ ಅಲ್ಲಿದ್ದಾನೆಂದು ನಮಗೆ ಅನ್ನಿಸುತ್ತದೆ. ಕೊರತೆಯೊಂದು ಪಾತ್ರದ ಗುಣವಾಗಿ ಮಾರ್ಪಟ್ಟದ್ದನ್ನು ನಾನು ಇಷ್ಟು ಸ್ಪಷ್ಟವಾಗಿ ಬೇರೆಲ್ಲೂ ಕಂಡಿಲ್ಲ.

ಕೇಳುವುದು, ಕೇಳಿದ್ದಕ್ಕೆ ಮುಖದಲ್ಲಿ ಉತ್ತರ ಕೊಡುವುದು: ಪೋಷಕ ನಟನ ಕೆಲಸದ ತಿರುಳು ಇದು. 1972ರ ‘ನಾಗರಹಾವು’ ಚಿತ್ರದ ರಾಮಾಚಾರಿ ಹಟಮಾರಿ, ಮುಂಗೋಪಿ. ಯಾರ ಮಾತಿಗೂ ಬಗ್ಗದವನು ಚಾಮಯ್ಯ ಮೇಷ್ಟ್ರ ಎದುರಿಗೆ ಮಾತ್ರ ಮೆತ್ತಗಾಗುತ್ತಾನೆ. ಆ ಹುಡುಗ ಒಳ್ಳೆಯವನೆಂದು ನಾವು ನಂಬುವುದು ಅವನ ನಡತೆಯನ್ನು ನೋಡಿಯಲ್ಲ, ಮೇಷ್ಟ್ರಾಗಿ ನಟಿಸಿದ ಕೆ.ಎಸ್. ಅಶ್ವಥ್ ಅವನನ್ನು ನೋಡುವ ಬಗೆಯನ್ನು ನೋಡಿ. ಆ ನೋಟವಿಲ್ಲದಿದ್ದರೆ ಚಿತ್ರದ ಅರ್ಧ ಭಾರ ಕುಸಿದುಬೀಳುತ್ತದೆ. ಅದಕ್ಕೂ ಒಂದು ವರ್ಷ ಮೊದಲು ಬಂದ ‘ಕಸ್ತೂರಿ ನಿವಾಸ’ದಲ್ಲಿ ಅವರು, ಎಲ್ಲವನ್ನೂ ಕಳೆದುಕೊಂಡ ಧಣಿಯನ್ನು ಬಿಟ್ಟುಹೋಗದ ಆಳು ರಾಮಯ್ಯ. ಧಣಿಯ ಬಡತನ ನಮಗೆ ತಟ್ಟುವುದು ರಾಮಯ್ಯನ ಸಂಕಟದ ಮೂಲಕ. 1925ರಲ್ಲಿ ಹುಟ್ಟಿದ ಅಶ್ವಥ್ ರಾಜ್‌ಕುಮಾರ್ ಅವರಿಗಿಂತ ನಾಲ್ಕೇ ವರ್ಷ ಹಿರಿಯರು. ತೆರೆಯ ಮೇಲೆ ಮಾತ್ರ ಅವರು ಸದಾ ಒಂದು ತಲೆಮಾರು ಹಿಂದಿನವರು. ಚಿಕ್ಕ ವಯಸ್ಸಿಗೇ ಕೂದಲಿಗೆ ಬಿಳಿ ಹಚ್ಚಿಕೊಳ್ಳಲು ಒಪ್ಪಿದವನಿಗೆ ಮುಂದೆ ನಲವತ್ತು ವರ್ಷ ಕೆಲಸವಿರುತ್ತದೆ ಎಂಬುದು ಈ ಕಸುಬಿನ ಒಂದು ಲೆಕ್ಕಾಚಾರ. ಇಂದು ರಾಜ್ಯ ಸರ್ಕಾರ ಅತ್ಯುತ್ತಮ ಪೋಷಕ ನಟನಿಗೆ ಕೊಡುವ ಪ್ರಶಸ್ತಿಗೆ ಅವರ ಹೆಸರನ್ನೇ ಇಟ್ಟಿದೆ.

ಒಂದು ಅಚ್ಚಿಗೆ ಬಿದ್ದರೆ ಮತ್ತೆ ಮತ್ತೆ ಅದೇ ಪಾತ್ರ ಬರುತ್ತದೆಂಬ ದೂರು ಹಳೆಯದು. ದೂರಿನಲ್ಲಿ ಸತ್ಯವಿದೆ. ಆದರೆ ನಿರ್ಮಾಪಕ ಆ ಅಚ್ಚನ್ನು ಬಯಸುವುದಕ್ಕೂ ಕಾರಣವಿದೆ. ಎರಡೂವರೆ ಗಂಟೆಯ ಕಥೆಯಲ್ಲಿ ಪ್ರತಿಯೊಬ್ಬರ ಪೂರ್ವಾಪರವನ್ನೂ ಹೇಳುತ್ತಾ ಕೂರಲು ಸಮಯವಿಲ್ಲ, ಪರಿಚಿತ ಮುಖವೊಂದು ಬಾಗಿಲಲ್ಲಿ ಕಾಣಿಸಿಕೊಂಡರೆ ಪ್ರೇಕ್ಷಕನಿಗೆ ಅರ್ಧ ಕಥೆ ತಿಳಿದುಹೋಗುತ್ತದೆ. ಆಟದಲ್ಲಿ ಮುಂಡಾಸೋ ಕಿರೀಟವೋ ಎಂಬುದನ್ನು ನೋಡಿಯೇ ಬಂದವನ ಯೋಗ್ಯತೆಯನ್ನು ನಾವು ಅಳೆಯುವುದಿಲ್ಲವೇ? ಸಿನೆಮಾದಲ್ಲಿ ಆ ಮುಂಡಾಸಿನ ಕೆಲಸವನ್ನು ನಟನ ಮುಖವೇ ಮಾಡಬೇಕು. ಒಂದೇ ಅಚ್ಚಿನೊಳಗೆ ಇದ್ದುಕೊಂಡು, ಈ ಮೇಷ್ಟ್ರು ಆ ಮೇಷ್ಟ್ರಲ್ಲ ಎಂದು ಅನ್ನಿಸುವಂತೆ ಮಾಡುವುದರಲ್ಲಿ ದೊಡ್ಡ ಪೋಷಕ ನಟನ ಕಲೆ ಇದೆ.

ಭಟ್ಕಳದ ಪಂಢರಿಬಾಯಿಯವರ ವಿಷಯಕ್ಕೆ ಮರಳೋಣ. ಪೌರಾಣಿಕ ನಾಟಕಗಳ ವಾತಾವರಣದಲ್ಲಿ ಬೆಳೆದು, 1943ರ ‘ವಾಣಿ’ ಚಿತ್ರದಿಂದ ತೆರೆಗೆ ಬಂದ ಅವರು 1952ರಲ್ಲಿ ತಮಿಳಿನ ‘ಪರಾಶಕ್ತಿ’ಯಲ್ಲಿ ನಾಯಕಿಯಾದರು. ಅದು ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ. ಎರಡು ವರ್ಷಕ್ಕೆ ‘ಬೇಡರ ಕಣ್ಣಪ್ಪ’. ದಕ್ಷಿಣದ ಇಬ್ಬರು ಮಹಾನಟರ ಮೊದಲ ನಾಯಕಪಾತ್ರಗಳ ಎದುರಿಗೆ ನಿಂತ ನಟಿ ಒಬ್ಬರೇ, ಅವರು ನಮ್ಮ ಜಿಲ್ಲೆಯವರು ಎಂಬುದನ್ನು ನೆನೆದಾಗ ನನಗೆ ಈಗಲೂ ಹೆಮ್ಮೆಯಾಗುತ್ತದೆ. ‘ರಾಯರ ಸೊಸೆ’ಯಂಥ ಚಿತ್ರಗಳನ್ನು ಅವರು ಸ್ವತಃ ನಿರ್ಮಿಸಿದರು ಕೂಡ. 1969ರ ತಮಿಳು ಚಿತ್ರ ‘ದೈವ ಮಗನ್’ನಲ್ಲಿ ಶಿವಾಜಿ ತಂದೆಯಾಗಿ ಮತ್ತು ಇಬ್ಬರು ಮಕ್ಕಳಾಗಿ ಮೂರು ಪಾತ್ರ ಮಾಡಿದಾಗ, ಪಂಢರಿಬಾಯಿ ಆ ತಂದೆಗೆ ಹೆಂಡತಿ, ಆ ಮಕ್ಕಳಿಗೆ ತಾಯಿ. ಒಂದೇ ಚಿತ್ರದಲ್ಲಿ ಒಬ್ಬನೇ ನಟನನ್ನು ಗಂಡನಾಗಿಯೂ ಮಗನಾಗಿಯೂ ನೋಡಬೇಕು. ಕಣ್ಣಿನ ಭಾವವನ್ನು ಬಿಟ್ಟರೆ ಆ ವ್ಯತ್ಯಾಸ ಹೇಳಲು ಅವರ ಬಳಿ ಬೇರೆ ಸಾಧನವಿರಲಿಲ್ಲ. ಅದು ಅವರ ವೃತ್ತಿಯ ತಿರುವಿನ ಚಿತ್ರದಂತೆ ನನಗೆ ಕಾಣುತ್ತದೆ. ಅಲ್ಲಿಂದಾಚೆ ಅವರು ತಾಯಿ.

ಜಿಲ್ಲೆಯ ಉತ್ತರದ ತುದಿಯಿಂದ ಹೋದ ಇನ್ನೊಬ್ಬರು ಜಯಶ್ರೀ ಗಡಕರ್. 1942ರಲ್ಲಿ ಕಾರವಾರದ ಬಳಿ, ಕಾಳಿ ನದಿಯ ಆಚೆ ದಡದ ಸದಾಶಿವಗಡಕ್ಕೆ ಹತ್ತಿರದ ಕಣಸಗಿರಿಯಲ್ಲಿ ಹುಟ್ಟಿದ ಅವರು ಬೆಳಗಿದ್ದು ಮರಾಠಿ ಚಿತ್ರರಂಗದಲ್ಲಿ. ಆರಂಭ ಸಮೂಹ ನೃತ್ಯದಲ್ಲಿ, ಹೆಸರಿಲ್ಲದ ಹುಡುಗಿಯರ ಸಾಲಿನಲ್ಲಿ. 1959ರ ‘ಸಾಂಗತ್ಯೇ ಐಕಾ’ದ ನಂತರ ಅವರು ಮರಾಠಿಯ ಅತಿ ಜನಪ್ರಿಯ ನಾಯಕಿಯರಲ್ಲಿ ಒಬ್ಬರು. ಕೋಡಂಗಿಯಿಂದ ಎರಡನೇ ವೇಷಕ್ಕೆ ಏರಿದ ಹಾಗೆ. ಆಮೇಲೆ ಅವರಿಗೂ ಅದೇ ಇಳಿಜಾರು ಕಾದಿತ್ತು. ಆದರೆ ಅಷ್ಟರಲ್ಲಿ ಟಿ.ವಿ. ಬಂದಿತು.

ಭಾರತದಲ್ಲಿ ದೂರದರ್ಶನ ಪ್ರಾಯೋಗಿಕವಾಗಿ ಆರಂಭವಾದದ್ದು 1959ರಲ್ಲಿ ದೆಹಲಿಯಲ್ಲಿ. ಬೆಂಗಳೂರು ಕೇಂದ್ರ ಆರಂಭವಾದದ್ದು 1981ರ ನವೆಂಬರ್ 1ರಂದು, ಬಣ್ಣ ಬಂದದ್ದು ಅದರ ಮರುವರ್ಷ. ಧಾರಾವಾಹಿಗಳು ಶುರುವಾದ ಮೇಲೆ ಪೋಷಕ ನಟರ ಲೆಕ್ಕಾಚಾರ ಬದಲಾಯಿತು. ಚಿಕ್ಕ ಪೆಟ್ಟಿಗೆಯಲ್ಲಿ ಬೆಟ್ಟ, ಸಮುದ್ರ, ಯುದ್ಧ ಯಾವುದೂ ಚೆನ್ನಾಗಿ ಕಾಣುವುದಿಲ್ಲ, ಮುಖ ಕಾಣುತ್ತದೆ. ಹೊಡೆದಾಟ ಮತ್ತು ಹಾಡುಗಳಿಗೆ ಅಲ್ಲಿ ಹಣವೂ ಇರಲಿಲ್ಲ, ಜಾಗವೂ ಇರಲಿಲ್ಲ. ಮನೆಯೊಳಗಿನ ಮಾತುಕತೆಗೆ ಇತ್ತು. ಅಂದರೆ ಸಿನೆಮಾದಲ್ಲಿ ನಾಯಕನಿಗೆ ಮೀಸಲಾಗಿದ್ದ ಭಾಗವೆಲ್ಲ ಕಳಚಿ, ತಂದೆ ತಾಯಿ ನೆರೆಹೊರೆಯವರಿಗೆ ಇದ್ದ ಭಾಗ ಉಳಿಯಿತು. ವಾರವಾರವೂ ಅದೇ ಮುಖ ಮನೆಗೆ ಬರುವುದರಿಂದ ಅಚ್ಚಿನ ಹಂಗು ಕಡಿಮೆಯಾಯಿತು. ಪಾತ್ರ ಬೆಳೆಯಲು ಸಮಯ ಸಿಕ್ಕಿತು.

ಹೊನ್ನಾವರದ ಕಡೆಯವರಾದ ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ ‘ಮಾಲ್ಗುಡಿ ಡೇಸ್’ ಧಾರಾವಾಹಿ ಇದಕ್ಕೆ ಒಳ್ಳೆಯ ಪುರಾವೆ. ಅದರಲ್ಲಿ ಸ್ವಾಮಿ ಎಂಬ ಹುಡುಗನ ಕಥೆಯಲ್ಲಿ ಮಕ್ಕಳನ್ನು ಬಿಟ್ಟರೆ ಉಳಿದವರೆಲ್ಲ ಪೋಷಕ ಪಾತ್ರದವರೇ, ಹಲವರು ಕನ್ನಡ ರಂಗಭೂಮಿಯಿಂದ ಬಂದವರು. ಸ್ವಾಮಿಯ ತಂದೆಯಾಗಿ ನಟಿಸಿದವರು ಗಿರೀಶ ಕಾರ್ನಾಡ. ಬಾಲ್ಯದಲ್ಲಿ ಶಿರಸಿಯಲ್ಲಿ ಕಂಪನಿ ನಾಟಕಗಳನ್ನೂ ಬಯಲಾಟಗಳನ್ನೂ ನೋಡಿ ಬೆಳೆದ ಅವರು, ಈ ಪಾತ್ರದಲ್ಲಿ ಆ ಎರಡರ ಅಬ್ಬರವನ್ನೂ ಸಂಪೂರ್ಣ ಬದಿಗಿಟ್ಟಿದ್ದಾರೆ. ಗದರುವ ಅಪ್ಪ, ಆದರೆ ದನಿ ಏರುವುದು ಬಹಳ ಕಡಿಮೆ. ಅರ್ಧ ಶತಮಾನದ ಹಿಂದೆ ಮೈಕಿನ ಕೆಳಗೆ ನಿಂತು ಕಂಪನಿ ನಟರು ಕಲಿಯಬೇಕಾಗಿ ಬಂದ ಪಾಠದ ಮುಂದುವರಿಕೆ ಅದು.

1987ರ ಜನವರಿಯಲ್ಲಿ ದೂರದರ್ಶನದಲ್ಲಿ ಆರಂಭವಾದ ಹಿಂದಿ ಧಾರಾವಾಹಿ ‘ರಾಮಾಯಣ’ದಲ್ಲಿ ಕೌಸಲ್ಯೆಯಾಗಿ ಜಯಶ್ರೀ ಗಡಕರ್, ದಶರಥನಾಗಿ ಅವರ ಪತಿ ಬಾಳ್ ಧುರಿ ನಟಿಸಿದರು. ಮುಖ್ಯವಾಗಿ ಮರಾಠಿ ಪ್ರೇಕ್ಷಕರಿಗೆ ಗೊತ್ತಿದ್ದ ಮುಖವೊಂದು ಒಂದೇ ವರ್ಷದಲ್ಲಿ ದೇಶಕ್ಕೆಲ್ಲ ತಾಯಿಯ ಮುಖವಾಯಿತು. ನಾಯಕಿಯಾಗಿ ಅವರು ತಲುಪದ ಮನೆಗಳನ್ನು ತಾಯಿಯಾಗಿ ತಲುಪಿದರು.

ನಮ್ಮ ಕೇರಿಯಲ್ಲಿ ಆಗ ಟಿ.ವಿ. ಇದ್ದದ್ದು ಒಂದೇ ಮನೆಯಲ್ಲಿ. ಭಾನುವಾರ ಬೆಳಗ್ಗೆ ಜಗಲಿಯ ಮೇಲೆ ಕಂಬಳಿ ಹಾಸುತ್ತಿದ್ದರು, ಒಬ್ಬ ಹುಡುಗ ಮಾಡಿನ ಮೇಲೆ ಹತ್ತಿ ಆಂಟೆನಾ ತಿರುಗಿಸುತ್ತಿದ್ದ, ಚಿತ್ರದ ಮೇಲಿನ ಮರಳು ಕಡಿಮೆಯಾದ ಕೂಡಲೇ ಕೆಳಗಿನಿಂದ ಎಲ್ಲರೂ ಒಟ್ಟಿಗೆ ಕೂಗುತ್ತಿದ್ದರು. ನನ್ನ ಅಜ್ಜಿಗೆ ಹಿಂದಿ ಒಂದಕ್ಷರವೂ ಬರುತ್ತಿರಲಿಲ್ಲ. ಪಟ್ಟಾಭಿಷೇಕದ ಪ್ರಸಂಗವನ್ನು ಆಟದಲ್ಲಿ ಎಷ್ಟೋ ಸಲ ನೋಡಿದ್ದ ಅವಳಿಗೆ ಮಾತಿನ ಅಗತ್ಯವೂ ಇರಲಿಲ್ಲ. ಕೌಸಲ್ಯೆಯ ಮುಖವನ್ನೇ ನೋಡುತ್ತಾ ಕೂತಿರುತ್ತಿದ್ದಳು. ದಶರಥ ತೀರಿಕೊಂಡ ಭಾನುವಾರ ಅವಳು ಮಧ್ಯಾಹ್ನದವರೆಗೆ ಯಾರೊಂದಿಗೂ ಮಾತನಾಡಲಿಲ್ಲ. ಊಟಕ್ಕೆ ಕೂತಾಗ ನನ್ನ ಚಿಕ್ಕಪ್ಪ, ಕೌಸಲ್ಯೆಯಾದವಳು ಸದಾಶಿವಗಡದ ಬದಿಯಲ್ಲಿ ಹುಟ್ಟಿದವಳೆಂದೂ, ದಶರಥನಾದವನು ಅವಳ ನಿಜವಾದ ಗಂಡನೆಂದೂ ಹೇಳಿದ. ಅಜ್ಜಿ ತುತ್ತು ಹಿಡಿದ ಕೈಯನ್ನು ಅಲ್ಲೇ ನಿಲ್ಲಿಸಿ ಅವನ ಮುಖ ನೋಡಿದಳು.

“ಹಂಗಾರೆ ಅವಂಗೆ ಎಂತದೂ ಆಗ್ಲಿಲ್ಲೆ ಅಲ್ದಾ?” ಎಂದು ಕೇಳಿ, ಇಲ್ಲವೆಂದು ಅವನು ತಲೆಯಾಡಿಸಿದ ಮೇಲೆ ಊಟ ಮುಂದುವರಿಸಿದಳು.